ಜೇವರ್ಗಿ ಕಾಲೋನಿಯ ವೈಫೈ ಕಪಿಲ

ನಮ್ಮ ಓಣಿಯಲ್ಲಿ ಇಂಟರ್ನೆಟ್ ನಿಂತರೆ ಜನರ ಬಾಯಿಗೆ ಮೊದಲು ಬರುತ್ತಿದ್ದದ್ದು ಕಪಿಲನ ಹೆಸರು, ದೇವರ ಹೆಸರು ಆಮೇಲೆ. ಊರಿನ ಒಂದು ಸಣ್ಣ ಇಂಟರ್ನೆಟ್ ಕಂಪನಿಯಲ್ಲಿ ಅವನು ಲೈನ್‌ಮನ್. ವಯಸ್ಸು ಮೂವತ್ತನಾಲ್ಕು, ತೆಳ್ಳನೆಯ ಆಳು, ಹೆಗಲಿಗೊಂದು ಕಪ್ಪು ಬ್ಯಾಗು, ಅದರ ಬಾಯಿಂದ ಸದಾ ಇಣುಕುವ ಹಳದಿ ವೈರು. ಊರು ಕಮಲಾಪುರ. ದಿನಾ ಮುಂಜಾನೆ ಮೊದಲ ಬಸ್ಸು ಹಿಡಿದು ಕಲಬುರಗಿಗೆ ಬರುವನು, ಕತ್ತಲಾಗುವುದರೊಳಗೆ ಹೊರಡುವನು.

ನಾನು ಗುರುಲಿಂಗಪ್ಪ, ಗಣಿತದ ಟ್ಯೂಷನ್ ಮಾಸ್ತರ. ಸಿಟ್ಟಿನವನೆಂದು ಕಾಲೋನಿಯ ತುಂಬ ಹೆಸರಾಗಿದ್ದೇನೆ, ಆ ಹೆಸರು ಸುಳ್ಳೇನಲ್ಲ. ಶಿವಕಾಂತಮ್ಮನವರ ಮನೆಯ ಮೇಲಂತಸ್ತಿನಲ್ಲಿ ಹೆಂಡತಿ ಮಗಳೊಡನೆ ಹದಿಮೂರು ವರ್ಷಗಳಿಂದ ಬಾಡಿಗೆಗಿದ್ದೇನೆ. ಕಪಿಲನ ವಿಷಯ ಬರೆಯುವ ಯೋಗ್ಯತೆ ನನಗಿದೆಯೋ ಇಲ್ಲವೋ, ಓದಿದ ಮೇಲೆ ನೀವೇ ಹೇಳಿ.

ಜೇವರ್ಗಿ ಕಾಲೋನಿಯ ಎಷ್ಟೋ ಮನೆಗಳನ್ನು ಕಟ್ಟುವಾಗ ಕಪಿಲನ ಅಪ್ಪ ಸೂರ್ಯಕಾಂತ ಇಟ್ಟಿಗೆ ಹೊತ್ತಿದ್ದ. ಗೋಡೆ ಏಳುವತನಕ ಆ ಮನುಷ್ಯ ಎಲ್ಲ ಕೋಣೆಗಳಲ್ಲೂ ಓಡಾಡಿದವನೇ. ಗೃಹಪ್ರವೇಶ ಆದ ಮರುದಿನದಿಂದ ಅವನಿಗೆ ನೀರು ಹೊರಗಿನ ಮೆಟ್ಟಿಲ ಮೇಲೆ. ಮಗ ಮಾತ್ರ ಹಾಲ್ ದಾಟಿ ಮಲಗುವ ಕೋಣೆವರೆಗೂ ಹೋಗುತ್ತಿದ್ದ, ಯಾಕೆಂದರೆ ಸಿಗ್ನಲ್ ಅಲ್ಲಿಯೇ ಬರುತ್ತಿರಲಿಲ್ಲ. “ನಮ್ಮಪ್ಪ ಕಟ್ಟಿದ ಮನಿಯೊಳಗ ನನ್ನ ಕರ್ಕೊಂಡು ಹೋಗಿದ್ದು ಈ ಡಬ್ಬಿ ನೋಡ್ರಿ ಮಾಸ್ತರ್ರ,” ಎಂದು ರೌಟರ್ ತಟ್ಟಿ ನಗುತ್ತಿದ್ದ. ಅವನು ನಕ್ಕರೂ ಆ ಮಾತಿನಲ್ಲಿ ಎಷ್ಟು ಭಾರ ಇತ್ತೆಂದು ನನಗೆ ಗೊತ್ತಿತ್ತು. ಆ ಬಾಗಿಲು ಮತ್ತೆ ಮುಚ್ಚಬಾರದು ಎನ್ನುವುದೊಂದೇ ಅವನಿಗೆ ಬೇಕಾಗಿದ್ದದ್ದು. ಅದಕ್ಕೇ ಕರೆದಲ್ಲಿ ಕರೆದಾಗ ಬರುತ್ತಿದ್ದ, ಒಂದು ಮನೆಯ ಮಾತು ಇನ್ನೊಂದು ಮನೆಗೆ ಒಯ್ಯುತ್ತಿರಲಿಲ್ಲ.

ಅವನ ಕೆಲಸದ ರೀತಿಯೇ ಬೇರೆ. ಓಣಿಯ ಎಲ್ಲ ಮನೆಗಳಿಗೂ ಒಂದೇ ಪಾಸ್‌ವರ್ಡ್ ಇಟ್ಟಿದ್ದ: ಕೆಂಪುಬಾಳೆ, ಅದರ ಮುಂದೆ ಒಂದು ಎರಡು ಮೂರು. ತನ್ನ ಊರಿನ ಕೆಂಪು ಬಾಳೆಹಣ್ಣಿನ ಮೇಲೆ ಅವನಿಗೆ ಅಷ್ಟು ಅಭಿಮಾನ. ಕಂಪನಿಯವರು ಒಂದೊಂದು ಮನೆಗೆ ಒಂದೊಂದು ಇಡು ಎಂದು ಹೇಳಿದ್ದರಂತೆ. ಆದರೆ ನಮ್ಮ ಮುದುಕರು ವಾರಕ್ಕೊಮ್ಮೆ ಮರೆತು ಫೋನು ಮಾಡುತ್ತಿದ್ದರು. ಒಂದೇ ಇದ್ದರೆ ಅವನು ಕಂಬದ ಮೇಲಿಂದಲೂ ಹೇಳಬಹುದಿತ್ತು. ಬೀಗರು ಬಂದರೆ ನೀರಿನ ತಂಬಿಗೆ ಕೊಟ್ಟ ಬೆನ್ನಿಗೇ ಕೆಂಪುಬಾಳೆಯನ್ನೂ ಕೊಡುವುದು ನಮ್ಮ ಓಣಿಯ ಪದ್ಧತಿ ಆಗಿಬಿಟ್ಟಿತ್ತು.

ಶಿವಕಾಂತಮ್ಮನವರ ಹೆಸರಿನಲ್ಲಿದ್ದ ಕನೆಕ್ಷನ್ ಮೇಲೆ ನಾಲ್ಕು ಮನೆ ನಡೆಯುತ್ತಿದ್ದವು: ಅವರದು, ನಮ್ಮದು, ಎದುರಿನ ಇಕ್ಬಾಲ್ ಬೇಗಂ ಅವರದು, ಪಕ್ಕದ ನಿವೃತ್ತ ಗುಮಾಸ್ತ ಮಹಾದೇವಪ್ಪನವರದು. ಎಲ್ಲರಿಗೂ ಮುಟ್ಟಲಿ ಎಂದು ಕಪಿಲ ರೌಟರನ್ನು ಓಣಿಯ ಕಡೆಯ ಕಿಟಕಿಗೆ ಕೂರಿಸಿದ್ದ. ಒಬ್ಬರು ಸಿನಿಮಾ ನೋಡಿದರೆ ಇನ್ನೊಬ್ಬರಿಗೆ ನೆಟ್ ನಿಧಾನವಾಗಿ ಜಗಳ ಆಗುತ್ತಿತ್ತು. ಆ ಜಗಳ ಬಿಡಿಸಲು ಪ್ರತಿ ಫೋನಿಗೂ ರೌಟರಿನೊಳಗೆ ಹೆಸರು ಬರೆದಿಟ್ಟಿದ್ದ. ಯಾವ ಫೋನು ಎಷ್ಟು ಗಂಟೆಗೆ ಬಂತು, ಎಷ್ಟು ಹೊತ್ತು ಇತ್ತು, ಎಲ್ಲ ಅಲ್ಲಿ ಕಾಣುತ್ತಿತ್ತು.

ಫೆಬ್ರುವರಿಯ ಒಂದು ಸೋಮವಾರ, ನನ್ನ ಮಗಳು ಶೀಲಾಳ ಶಾಲೆಯಲ್ಲಿ ಹತ್ತನೆಯ ತರಗತಿಯ ಗಣಿತದ ಪೂರ್ವಸಿದ್ಧತಾ ಪರೀಕ್ಷೆ ಇತ್ತು. ಹುಡುಗಿ ಹತ್ತಕ್ಕೆ ಹೋದವಳು ಹನ್ನೊಂದಕ್ಕೇ ವಾಪಸು ಬಂದಳು. ಶಾಲೆಯಲ್ಲಿ ಬಾಂಬ್ ಇಟ್ಟಿದ್ದೇವೆ ಎಂದು ಯಾರೋ ಈಮೇಲ್ ಕಳಿಸಿದ್ದರಂತೆ. ಪೊಲೀಸರು, ನಾಯಿ, ಅಳುವ ಮಕ್ಕಳು, ಗೇಟಿನ ಹೊರಗೆ ಕಿರುಚುವ ತಾಯಂದಿರು. ಏನೂ ಸಿಗಲಿಲ್ಲ, ಪರೀಕ್ಷೆ ಮುಂದಕ್ಕೆ ಹೋಯಿತು. ನಾನು ಮೂರ್ಖ. “ಛಲೋ ಆತು, ಇನ್ನಾ ನಾಕ ದಿನ ಸಿಕ್ತು. ತ್ರಿಕೋನಮಿತಿ ಮತ್ತೊಮ್ಮೆ ತೆಗಿ,” ಎಂದೆ. ಅವಳು ಬಚ್ಚಲಿಗೆ ಓಡಿ ವಾಂತಿ ಮಾಡಿಕೊಂಡಳು. ಹುಡುಗಿ ಹೆದರಿದ್ದಾಳೆ ಎಂದುಕೊಂಡೆ.

ಗುರುವಾರ ಮುಂಜಾನೆ ಓಣಿಗೆ ಪೊಲೀಸ್ ಜೀಪು ಬಂತು. ಈಮೇಲ್ ಹೋದದ್ದು ಶಿವಕಾಂತಮ್ಮನವರ ಕನೆಕ್ಷನ್ನಿನಿಂದ, ಸೋಮವಾರ ಬೆಳಿಗ್ಗೆ ಏಳು ನಲವತ್ತಕ್ಕೆ. ಬಟನ್ ಫೋನು ಬಿಟ್ಟರೆ ಬೇರೆ ಗೊತ್ತಿಲ್ಲದ ಅರವತ್ತೆಂಟರ ಹೆಂಗಸು ಸೆರಗು ಬಾಯಿಗಿಟ್ಟುಕೊಂಡು ನಿಂತಿದ್ದರು.

“ಪಾಸ್‌ವರ್ಡ್ ಯಾರ್ ಯಾರಿಗೆ ಗೊತ್ತದ?” ಎಂದು ಕೇಳಿದರು ಬಂದಿದ್ದ ಮಹಿಳಾ ಪಿಎಸ್‌ಐ.

“ಎಲ್ಲಾರಿಗೂ ಗೊತ್ತದರೀ,” ಎಂದರು ಶಿವಕಾಂತಮ್ಮ.

“ಇಟ್ಟವರು ಯಾರು?”

“ಕಪಿಲ.”

ಅದೇ ಹೊತ್ತಿಗೆ ಪೇದೆಯೊಬ್ಬ ಎದುರಿನ ಕ್ಲಿನಿಕ್ಕಿನ ಕ್ಯಾಮೆರಾ ನೋಡಿ ಬಂದ. ಸೋಮವಾರ ಏಳು ನಲವತ್ತಕ್ಕೆ ಶಿವಕಾಂತಮ್ಮನವರ ಮೆಟ್ಟಿಲ ಮೇಲೆ ಒಬ್ಬ ಮನುಷ್ಯ ತಲೆ ಬಗ್ಗಿಸಿ ಫೋನು ಒತ್ತುತ್ತ ಕೂತಿದ್ದ. ಕಪಿಲನೇ. ಬಸ್ಸಿಳಿದು ಬಂದವನು ದಿನಾ ಅಲ್ಲಿಯೇ ಕೂತು ಆ ದಿನದ ದೂರುಗಳ ಪಟ್ಟಿ ಇಳಿಸಿಕೊಳ್ಳುತ್ತಿದ್ದ. ಅದು ನಮಗೆಲ್ಲ ಗೊತ್ತಿತ್ತು. ಜೀಪಿನ ಸುತ್ತ ನಿಂತ ನಮ್ಮಲ್ಲಿ ಒಬ್ಬರೂ ಆ ಮಾತು ಹೇಳಲಿಲ್ಲ. ಸುದ್ದಿ ತಿಳಿದು ತಾನಾಗಿಯೇ ಬಂದು ನಿಂತಿದ್ದವನನ್ನು ಜೀಪಿನ ಹಿಂದೆ ಹತ್ತಿಸಿಕೊಂಡು ಹೋದರು. ರೌಟರ್ ಯಾರೂ ಮುಟ್ಟಬಾರದು, ನಾಳೆ ಹನ್ನೊಂದಕ್ಕೆ ತಾಂತ್ರಿಕ ಸಿಬ್ಬಂದಿ ಬಂದು ತೆರೆಯುತ್ತಾರೆ ಎಂದು ಹೇಳಿ ಹೋದರು.

ಸಂಜೆ ಆರಕ್ಕೆ ನಮ್ಮ ಬಾಗಿಲು ಬಡಿಯಿತು. ಕಪಿಲ ನಿಂತಿದ್ದ, ಕೈಯಲ್ಲಿ ಫೋನಿಲ್ಲ, ಹೆಗಲಲ್ಲಿ ಬ್ಯಾಗಿಲ್ಲ. ಫೋನು ಇಟ್ಟುಕೊಂಡು, ನಾಳೆ ಮುಂಜಾನೆ ಮತ್ತೆ ಠಾಣೆಗೆ ಬಾ ಎಂದು ಬಿಟ್ಟಿದ್ದರಂತೆ. ಬರಿಗೈಯಲ್ಲಿ ಅವನನ್ನು ನೋಡಿದ್ದು ಅದೇ ಮೊದಲು. ಒಳಗೆ ಬಾ ಎಂದರೆ ಬರಲಿಲ್ಲ.

“ಮಾಸ್ತರ್ರ, ಮುಂಜಾನಿ ಪೊಲೀಸರು ನನ್ನ ಜೀಪಿಗೆ ಕರೀದಕ್ಕ ಮೊದ್ಲ ನಾ ನನ್ನ ಫೋನಿನಾಗ ರೌಟರ್ ತೆರದು ನೋಡೀನಿ. ಸೋಮವಾರ ಏಳು ನಲವತ್ತಕ್ಕ ಎರಡ ಫೋನ ಇದ್ದವು. ಒಂದು ನಂದು.” ಒಳಗಿನ ಕೋಣೆಯ ಕಡೆ ನೋಡಿದ. “ಇನ್ನೊಂದು ಶೀಲಾಂದು.”

ನನಗೆ ಸಿಟ್ಟು ಬರಬೇಕಿತ್ತು. ಸಣ್ಣಪುಟ್ಟದಕ್ಕೆಲ್ಲ ಉರಿದು ಬೀಳುವ ನನಗೆ ಆಗ ಸಿಟ್ಟು ಬರಲಿಲ್ಲ. ಅವಳ ಫೋನಿಗೆ ಸಿಮ್ ಇಲ್ಲ, ವೈಫೈ ಒಂದೇ ದಾರಿ. ಸೋಮವಾರದ ವಾಂತಿ, ಮೂರು ದಿನದಿಂದ ಬಿಟ್ಟ ಊಟ, ಎಲ್ಲ ಒಮ್ಮೆಗೇ ತಿಳಿಯಿತು. ಇಡೀ ಕಾಲೋನಿಯ ಮಕ್ಕಳಿಗೆ ಗಣಿತದ ಹೆದರಿಕೆ ಬಿಡಿಸುತ್ತೇನೆ ಎಂದು ಬೋರ್ಡು ಹಾಕಿಕೊಂಡವನ ಮಗಳು ಗಣಿತಕ್ಕೆ ಹೆದರಿ, ಅದಕ್ಕಿಂತ ಹೆಚ್ಚಾಗಿ ನನಗೆ ಹೆದರಿ, ಈ ಕೆಲಸ ಮಾಡಿದ್ದಳು.

“ಪೊಲೀಸರ ಮುಂದ ಹೇಳೀಯೇನು?” ಎಂದೆ.

“ಇಲ್ರೀ. ಹುಡುಗಿ ಹೆಸರು, ಒಮ್ಮೆ ಠಾಣೆದಾಗ ಬಾಯಿ ಬಿಟ್ಟರ ತಿರುಗಿ ನುಂಗಾಕ ಬರಂಗಿಲ್ಲ. ಅದಕ್ಕ ಮೊದ್ಲ ನಿಮಗ ಹೇಳಾಕ ಬಂದೆ. ಆದ್ರ ನಾಳೆ ಹನ್ನೊಂದಕ್ಕ ನಾ ಹೇಳಾವನ. ಸುಳ್ಳು ಹೇಳಂಗಿಲ್ರೀ. ನಂಗೂ ಹೆದರಿಕಿ ಅದ. ಅದಕ್ಕ ಮೊದ್ಲ ನೀವ ಕರ್ಕೊಂಡು ಬಂದ್ರ ಛಲೋ.”

ಅಷ್ಟು ಹೇಳಿ ಇಳಿದು ಹೋದ. ಬಸ್ಸಿಗೆ ತಡವಾಗಿತ್ತು.

ಆಮೇಲೆ ನಾನು ಮಾಡಿದ್ದನ್ನು ನನ್ನ ಹೆಂಡತಿಗೂ ಹೇಳಿರಲಿಲ್ಲ. ಶಿವಕಾಂತಮ್ಮ ಸಂಜೆ ಮಠಕ್ಕೆ ಪ್ರವಚನ ಕೇಳಲು ಹೋಗುವಾಗ ಕೀಲಿಕೈ ನಮ್ಮಲ್ಲಿಯೇ ಇಡುತ್ತಿದ್ದರು. ಅದನ್ನು ತೆಗೆದುಕೊಂಡು ಕೆಳಗಿಳಿದೆ. ರೌಟರಿನ ಹಿಂದೆ ಒಂದು ಸಣ್ಣ ತೂತಿದೆ. ಅದರೊಳಗೆ ಪಿನ್ನು ಚುಚ್ಚಿ ಹತ್ತು ಎಣಿಸುವತನಕ ಒತ್ತಿ ಹಿಡಿದರೆ ಎಲ್ಲ ಅಳಿಸಿ ಹೊಸದಾಗುತ್ತದೆ ಎಂದು ನನಗೆ ಹೇಳಿಕೊಟ್ಟಿದ್ದವನು ಕಪಿಲನೇ. ಎಲ್ಲ ಅಳಿಸಿದರೆ ಶೀಲಾಳ ಹೆಸರೂ ಹೋಗುತ್ತದೆ. ಕ್ಯಾಮೆರಾದಲ್ಲಿ ಕೂತ ಮನುಷ್ಯನೊಬ್ಬನೇ ಉಳಿಯುತ್ತಾನೆ. ಅದು ನನಗೆ ಸ್ಪಷ್ಟವಾಗಿ ಗೊತ್ತಿತ್ತು, ಗೊತ್ತಿದ್ದೇ ಪಿನ್ನು ಚುಚ್ಚಿದೆ. ಮೊದಲ ಸಲ ತೂತು ತಪ್ಪಿತು. ಎರಡನೆಯ ಸಲ ಸಿಕ್ಕಿತು. ಒಂದು, ಎರಡು, ಮೂರು ಎಂದು ಎಣಿಸತೊಡಗಿದೆ.

ಎಣಿಕೆ ಆರಕ್ಕೆ ಬಂದಾಗ ನೋಡಿದರೆ ಬಾಗಿಲಲ್ಲಿ ಶೀಲಾ ನಿಂತಿದ್ದಳು. “ಪಪ್ಪಾ, ಬ್ಯಾಡ್ರಿ,” ಎಂದಳು. “ಮೇಲ್ ಕಳಿಸಿದಾಕಿ ನಾನ. ಕಪಿಲ ಅಂಕಲ್ ಮೆಟ್ಲ ಮ್ಯಾಲ ಮಾತಾಡಿದ್ದು ನಂಗ ಕೇಳಿಸೇದ.”

ಪಿನ್ನು ತೆಗೆದೆ. ಹೊಡೆಯಲು ಕೈ ಎತ್ತಿದ್ದೆ, ಅವಳು ಕಣ್ಣು ಮುಚ್ಚಿ ಹೆಗಲು ಕುಗ್ಗಿಸಿದ್ದನ್ನು ನೋಡಿ ಇಳಿಸಿದೆ. ಅವಳಿಗೆ ಆ ಭಂಗಿ ರೂಢಿಯಾಗಿತ್ತು. ಅದನ್ನು ರೂಢಿ ಮಾಡಿಸಿದವನು ನಾನೇ.

ಮರುದಿನ ಒಂಬತ್ತೂವರೆಗೆ ಹೆಂಡತಿ, ಶೀಲಾ, ನಾನು ಮೂವರೂ ಆಟೋದಲ್ಲಿ ಠಾಣೆಗೆ ಹೋದೆವು. ಓಣಿಯವರಿಗೆ ಆಸ್ಪತ್ರೆಗೆ ಎಂದು ಹೇಳಿದ್ದೆವು. ಪಿಎಸ್‌ಐ ಶೀಲಾಳ ಮಾತು ಪೂರ್ತಿ ಕೇಳಿದರು. ನನ್ನನ್ನು ಎರಡು ಸಲ ಬಾಯಿ ಮುಚ್ಚಿಸಿದರು. ಹುಡುಗಿಗೆ ಹದಿನೈದು ವರ್ಷ, ಬಾಲನ್ಯಾಯ ಮಂಡಳಿಯ ಮುಂದೆ ಹಾಜರಾಗಬೇಕು, ಅವರು ಹೇಳಿದಂತೆ ನಡೆಯಬೇಕು ಎಂದರು. ಕೊನೆಗೆ ಒಂದು ಮಾತು ಹೇಳಿದರು: “ಈಕಿ ಹೆಸರು ಎಲ್ಲೂ ಹೊರಗ ಬರಂಗಿಲ್ಲ. ಕಾನೂನು ಹಂಗದ.”

ಆ ಮಾತು ಕೇಳಿ ನನಗೆ ಉಸಿರು ಬಂತು. ಹೊರಗಿನ ಬೆಂಚಿನ ಮೇಲೆ ಕಪಿಲ ಕೂತಿದ್ದ. ಪೇದೆ ಅವನ ಫೋನು ಕೊಟ್ಟು, ಹೋಗಪ್ಪಾ, ನಿಂದೇನಿಲ್ಲ ಎಂದ. ಅವನು ನನ್ನ ಕಡೆ ನೋಡಿ ತಲೆಯಾಡಿಸಿದ. ನಾನು ಮುಗಿಯಿತು ಎಂದುಕೊಂಡೆ.

ಎಲ್ಲಿ ಮುಗಿಯುತ್ತದೆ? ಕಪಿಲ ಜೀಪು ಹತ್ತಿದ್ದನ್ನು ಓಣಿ ಕಂಡಿತ್ತು. ಅವನ ಕೈಗೆ ಫೋನು ಕೊಟ್ಟು ಕಳಿಸಿದ್ದನ್ನು ಯಾರೂ ಕಂಡಿರಲಿಲ್ಲ. ಕಾನೂನು ನನ್ನ ಮಗಳ ಹೆಸರು ಮುಚ್ಚಿತು. ಅವನ ಹೆಸರು ಎಲ್ಲರ ಬಾಯಲ್ಲೂ ಇತ್ತು, ಅದನ್ನು ತೊಳೆಯಲು ಯಾವ ಕಾನೂನೂ ಬರಲಿಲ್ಲ.

ಆ ಸಂಜೆಯೇ ಓಣಿಯ ವಾಟ್ಸಾಪ್ ಗುಂಪಿನಲ್ಲಿ ಮಹಾದೇವಪ್ಪನವರು ಬರೆದರು: “ಇನ್ನು ಮುಂದೆ ಕಪಿಲನನ್ನು ಯಾರೂ ಮನೆಯೊಳಗೆ ಬಿಟ್ಟುಕೊಳ್ಳಬಾರದು. ಎಲ್ಲರೂ ಪಾಸ್‌ವರ್ಡ್ ಬದಲಿಸಿರಿ.” ಕೆಳಗೆ ಒಂದೊಂದೇ ಒಪ್ಪಿಗೆಯ ಹೆಬ್ಬೆರಳು ಬರತೊಡಗಿತು. ಹದಿನೆಂಟು ಹೆಬ್ಬೆರಳು. ನಾನೊಬ್ಬ ಒತ್ತದಿದ್ದರೆ ಯಾಕೆಂದು ಕೇಳಿಯಾರು ಎನಿಸಿತು. ಒತ್ತಿದೆ. ಒತ್ತಿದ ಮೇಲೆ ನೆನಪಾಯಿತು, ದೂರು ಹೇಳಿಕೊಳ್ಳಲು ಅನುಕೂಲವಾಗಲೆಂದು ಕಪಿಲನನ್ನೂ ಆ ಗುಂಪಿಗೆ ನಾವೇ ಸೇರಿಸಿದ್ದೆವು. ಅರ್ಧ ಗಂಟೆಯ ಮೇಲೆ ಮಹಾದೇವಪ್ಪನವರು ಅವನನ್ನು ತೆಗೆದುಹಾಕಿದರು. ಅಷ್ಟರೊಳಗೆ ಅವನು ನೋಡಿರಲೇಬೇಕು. ಇನ್ನು ಪಾಸ್‌ವರ್ಡ್ ಬದಲಿಸುವ ವಿಷಯ ಕೇಳಬೇಡಿ. ಹೇಗೆ ಬದಲಿಸಬೇಕೆಂದು ಒಬ್ಬರಿಗೂ ಗೊತ್ತಿರಲಿಲ್ಲ, ಗೊತ್ತಿದ್ದವನನ್ನು ಹೊರಗೆ ಹಾಕಿಯಾಗಿತ್ತು.

ಒಂದು ವಾರದೊಳಗೆ ಐವಾನ್-ಎ-ಶಾಹಿ ಬಡಾವಣೆಯ ಮನೆಗಳಿಂದಲೂ ಬೇರೆ ಹುಡುಗನನ್ನು ಕಳಿಸಿ ಎಂದು ಕಂಪನಿಗೆ ಫೋನು ಹೋಯಿತಂತೆ. ಸ್ವಲ್ಪ ದಿನ ಮನೆಯಲ್ಲಿರು ಎಂದು ಕಂಪನಿಯವರು ಕಪಿಲನಿಗೆ ಹೇಳಿದರು. ಓಣಿಯಲ್ಲಿ ಅವನ ಪರವಾಗಿ ಬಾಯಿ ತೆಗೆದವರು ಇಕ್ಬಾಲ್ ಬೇಗಂ ಒಬ್ಬರೇ. ಹಾಲಿನ ಅಂಗಡಿಯ ಮುಂದೆ ನನ್ನನ್ನು ತಡೆದು, “ಕಪಿಲ್ ಐಸಾ ಕಾಮ್ ನೈ ಕರ್ತಾ ಮಾಸ್ಟರ್ ಸಾಬ್. ಅಂವ ಅಂಥಾವ ಅಲ್ಲ. ನಿಮ್ಮ ಮಾತು ಎಲ್ಲಾರೂ ಕೇಳತಾರ, ನೀವಾರ ಹೇಳ್ರಿ,” ಎಂದರು. ನಾನು ಹಾಲಿನ ಪಾಕೀಟು ತಿರುವಿ ತಾರೀಖು ನೋಡುತ್ತ ನಿಂತೆ.

ಹೇಳಲು ಎಷ್ಟು ಹೊತ್ತು? ಕಪಿಲ ಅಲ್ಲ, ಎರಡೇ ಶಬ್ದ. ಆದರೆ ಮುಂದಿನ ಪ್ರಶ್ನೆ ನನಗೆ ಕಾಣುತ್ತಿತ್ತು. ಅವನಲ್ಲದಿದ್ದರೆ ಯಾರು? ನಿಮಗೆ ಹೇಗೆ ಗೊತ್ತು? ಅಲ್ಲಿಂದ ನಮ್ಮ ಮನೆಯ ಮೆಟ್ಟಿಲಿಗೆ ಎಷ್ಟು ದೂರ? ಮುಂದಿನ ತಿಂಗಳು ಹುಡುಗಿಯ ಪಬ್ಲಿಕ್ ಪರೀಕ್ಷೆ. ನನ್ನ ಟ್ಯೂಷನ್ನಿಗೆ ಮಕ್ಕಳನ್ನು ಯಾರು ಕಳಿಸಿಯಾರು? ದಾರಿಯಲ್ಲಿ ಇಬ್ಬರು ನಿಂತು ಮಾತಾಡುತ್ತಿದ್ದರೆ ನಮ್ಮದೇ ಮಾತು ಎನಿಸುತ್ತಿತ್ತು. ಕೆಳಗೆ ಗಾಡಿಯೊಂದು ನಿಂತರೆ ಕಿಟಕಿಗೆ ಓಡುತ್ತಿದ್ದೆ. ಪಾಠ ಹೇಳುವಾಗ ಲೆಕ್ಕ ಅರ್ಧಕ್ಕೆ ಮರೆಯುತ್ತಿದ್ದೆ. ಮಕ್ಕಳು ಮುಖ ಮುಖ ನೋಡಿಕೊಳ್ಳುತ್ತಿದ್ದರು.

ಶೀಲಾ ಒಂದು ದಿನ ತಟ್ಟೆಯ ಮುಂದೆ ಕೂತು, “ನೀವು ಹೆಬ್ಬಟ್ಟು ಒತ್ತಿದ್ದು ನಾ ನೋಡೀನಿ ಪಪ್ಪಾ,” ಎಂದಳು. “ಕಮಲಾಪುರಕ್ಕ ಹೋಗೋಣ್ರಿ. ನೀವು ಬರದಿದ್ರ ನಾ ಒಬ್ಬಾಕೀನ ಹೋಗತೀನಿ,” ಎಂದಳು. ನನಗೆ ಎದುರು ಮಾತಾಡಿದ್ದು ಅದೇ ಮೊದಲು.

ಭಾನುವಾರ ಹತ್ತರ ಬಸ್ಸಿಗೆ ಇಬ್ಬರೂ ಹೊರಟೆವು. ಅವನ ಮುಂದೆ ಕ್ಷಮೆ ಕೇಳಿ, ಕೈ ಹಿಡಿದು, ವಾಪಸು ಬಂದರಾಯಿತು ಎಂದು ದಾರಿಯುದ್ದಕ್ಕೂ ಲೆಕ್ಕ ಹಾಕುತ್ತಿದ್ದೆ. ಕಮಲಾಪುರದಲ್ಲಿ ಬಸ್ಸಿಳಿದು ಕೇಳಿದ ಕೂಡಲೆ ಮನೆ ತೋರಿಸಿದರು. ತೋರಿಸಿದವನು, “ಬಾಂಬಿನ ಕೇಸಿನಾಗ ಪೊಲೀಸರು ಹಿಡದಿದ್ರಲಾ, ಅವನ ಮನೀನಾ?” ಎಂದು ಕೇಳಿಯೇ ತೋರಿಸಿದ. ಸುದ್ದಿ ನಮಗಿಂತ ಮೊದಲೇ ಬಸ್ಸು ಹತ್ತಿ ಬಂದಿತ್ತು. ಶೀಲಾ ನನ್ನ ತೋಳು ಗಟ್ಟಿಯಾಗಿ ಹಿಡಿದುಕೊಂಡಳು.

ಎರಡು ಕೋಣೆಯ ಅಚ್ಚುಕಟ್ಟಾದ ಮನೆ, ಬಾಗಿಲ ಮೇಲೆ ಬುದ್ಧನ ಚಿತ್ರ. ಬಾಗಿಲು ಬಡಿದೆ. ಒಳಗೆ ಯಾರೋ ಓಡಿದ ಸದ್ದಾಯಿತು, ಆಮೇಲೆ ಒಂದು ಚಿಲಕ ಬಿದ್ದ ಸದ್ದು. ಸ್ವಲ್ಪ ಹೊತ್ತಿನ ಮೇಲೆ ಕಪಿಲನ ಹೆಂಡತಿ ಸುಜಾತಾ ಬಾಗಿಲು ತೆರೆದಳು. ನಾನು ಹೆಸರು ಹೇಳಿದೆ. ಅವಳು ನನ್ನನ್ನು ನೋಡಿದಳು, ಶೀಲಾಳನ್ನು ನೋಡಿದಳು, ಸರಿದು ದಾರಿ ಬಿಟ್ಟಳು. ಕಪಿಲ ಹಿಂದಿನ ಕೋಣೆಯಿಂದ ಎದ್ದು ಬಂದ. ಗಡ್ಡ ಬೆಳೆದಿತ್ತು. ಕುರ್ಚಿ ಎಳೆದು, ಕೂಡ್ರಿ ಮಾಸ್ತರ್ರ ಎಂದ. ನೀರು ಬಂತು.

“ಒಳಗ ಯಾರೋ ಓಡಿದಂಗ ಆತು,” ಎಂದೆ, ಏನು ಮಾತಾಡಬೇಕೋ ತಿಳಿಯದೆ.

ಸುಜಾತಾ ಹೇಳಿದಳು: “ನಮ್ಮ ಮಗಳ್ರೀ. ಏಳು ವರ್ಷದಾಕಿ. ಸಾಲಿಯಾಗ ಹುಡುಗ್ರು ನಿಮ್ಮಪ್ಪನ್ನ ಮತ್ತ ಒಯ್ಯಾಕ ಬರತಾರ ಅಂದಾರ. ಅವತ್ತಿಂದ ಯಾರ ಬಾಗಲಾ ಬಡದ್ರೂ ಬಚ್ಚಲಕ ಹೋಗಿ ಚಿಲಕ ಹಾಕ್ಕೋತಾಳ. ಹೊರಗ ಬರಾಕ ಒಂದೊಂದ್ ಸಲ ಒಂದ್ ತಾಸು ಬೇಕು.”

ಶೀಲಾ ಅಳತೊಡಗಿದಳು. ಯಾರೂ ಅವಳಿಗೆ ಸುಮ್ಮನಿರು ಎನ್ನಲಿಲ್ಲ.

ನಾನು ಕ್ಷಮೆಯ ಮಾತು ಶುರುಮಾಡಿದೆ. ಕಪಿಲ ಕೈಯೆತ್ತಿ ತಡೆದ. “ನನ್ನ ಮುಂದ ಹೇಳಿ ಏನ್ ಮಾಡತೀರಿ ಮಾಸ್ತರ್ರ? ನಂಗ ಗೊತ್ತೇ ಅದ. ಗೊತ್ತಿಲ್ಲದವರಿಗೆ ಹೇಳ್ರಿ. ನಿಮ್ಮ ಹುಡುಗಿ ಹೆಸರು ಹೇಳ್ರಿ ಅನ್ನಂಗಿಲ್ಲ. ನಂದು ಬಿಡಸ್ರಿ, ಅಷ್ಟ ಸಾಕು.”

“ಯಾರು ಅಂತ ಕೇಳತಾರಲಾ,” ಎಂದೆ. ನನ್ನ ದನಿ ನನಗೇ ಅಸಹ್ಯವಾಗಿತ್ತು.

“ಕೇಳತಾರ,” ಎಂದ ಕಪಿಲ.

ಶೀಲಾ ಕಣ್ಣು ಒರೆಸಿಕೊಂಡು ನನ್ನ ಫೋನು ಕಿಸೆಯಿಂದ ತೆಗೆದು, ಓಣಿಯ ಗುಂಪು ತೆರೆದು ನನ್ನ ಕೈಗಿಟ್ಟಳು. ಬರೆಯಲು ಬೆರಳು ಓಡಲಿಲ್ಲ. ಧ್ವನಿ ಮುದ್ರಿಸುವ ಗುಂಡಿ ಒತ್ತಿ ಹಿಡಿದೆ. ಮೊದಲ ಸಲ ಬರೀ ಉಸಿರಾಟ ಬಂತು, ಅಳಿಸಿದೆ. ಎರಡನೆಯ ಸಲ ಬರೀ ಹೆಸರು ಹೇಳಿ ನಿಲ್ಲಿಸಿದೆ, ಅದನ್ನೂ ಅಳಿಸಿದೆ. ಮೂರನೆಯ ಸಲ ಹೇಳಿದೆ: “ನಾನು ಗುರುಲಿಂಗಪ್ಪ ಮಾಸ್ತರ. ಸಾಲಿಗೆ ಮೇಲ್ ಹೋಗಿದ್ದು ನಮ್ಮ ಮನಿ ಫೋನಿನಿಂದ. ಕಪಿಲಂದು ಏನೂ ಇಲ್ಲ, ಪೊಲೀಸರಿಗೂ ಗೊತ್ತದ. ನನಗ ಗೊತ್ತಿದ್ದೂ ಸುಮ್ನಿದ್ದೆ.” ಬೆರಳು ಎತ್ತಿದೆ. ಅದು ಹೋಯಿತು.

ಸುಜಾತಾ ಬಚ್ಚಲ ಬಾಗಿಲಿಗೆ ಬಾಯಿ ಹಚ್ಚಿ, ಪೊಲೀಸರಲ್ಲ ಬಾ, ಮಾಸ್ತರು ಬಂದಾರ ಎಂದು ಮೆಲ್ಲಗೆ ಹೇಳುತ್ತಿದ್ದಳು. ಬಹಳ ಹೊತ್ತಿನ ಮೇಲೆ ಚಿಲಕ ಸರಿಯಿತು. ಎರಡು ಜಡೆಯ ಸಣ್ಣ ಹುಡುಗಿ ಅರ್ಧ ಮುಖ ಹೊರಗೆ ಹಾಕಿ ಮೊದಲು ಅಪ್ಪ ಇದ್ದಾನೆಯೇ ಎಂದು ನೋಡಿದಳು, ಆಮೇಲೆ ನನ್ನನ್ನು.

ಅಷ್ಟರಲ್ಲಿ ನನ್ನ ಕೈಯಲ್ಲಿದ್ದ ಫೋನು ಬಡಿದುಕೊಂಡಿತು. ಹುಡುಗಿ ಚಂಗನೆ ಒಳಗೆ ಹೋದಳು, ಚಿಲಕ ಮತ್ತೆ ಬಿತ್ತು. ಫೋನಿನ ಮೇಲೆ ಶಿವಕಾಂತಮ್ಮನವರ ಹೆಸರು ಇತ್ತು, ಗುಂಪಿನಲ್ಲಿದ್ದ ಯಾರೋ ನನ್ನ ಮಾತನ್ನು ಅವರಿಗೆ ಕೇಳಿಸಿರಬೇಕು. ಕಪಿಲ ನನ್ನನ್ನೇ ನೋಡುತ್ತಿದ್ದ. ನಾನು ಎತ್ತಿದೆ.

“ಹೌದ್ರೀ ಶಿವಕಾಂತಮ್ಮ,” ಎಂದೆ. “ನಮ್ಮ ಮನಿಯಾಗಿಂದ.”